ಸಂವಾದ: ಯಾರ ಜಗಲಿಯ ಮೇಲೆ?

ದಲಿತರ ಕಡೆ ತಿರುಗಿ ‘ಇಷ್ಟು ವರ್ಷ ಜಗಳ ಆಯ್ತು, ಇನ್ನಾದರೂ ಸಂವಾದ ಬೇಡವೆ?’ ಎಂದು ಕೇಳುವ ಒಂದು ರೂಢಿ ನಮ್ಮ ವಿಮರ್ಶೆಯಲ್ಲಿ ಬಹಳ ಕಾಲದಿಂದ ಬೆಳೆದುಬಂದಿದೆ. ಕೇಳುವವರ ದನಿಯಲ್ಲಿ ಕೇಡು ಇರುವುದಿಲ್ಲ. ಆದರೆ ಆ ಪ್ರಶ್ನೆಯ ಒಳಗೆ ಎರಡು ತೀರ್ಮಾನಗಳು ಮೊದಲೇ ಬಂದು ಕೂತಿರುತ್ತವೆ. ಒಂದು, ಜಗಳ ತೆಗೆದವರು ದಲಿತರು. ಎರಡು, ಸಂವಾದ ಎನ್ನುವುದು ಜಗಳದ ಕೊಳೆ ಹತ್ತದ ಶುಭ್ರ ಸಂಗತಿ. ಮೊದಲನೆಯದನ್ನು ಈ ದೇಶದ ಚರಿತ್ರೆ ಬಲ್ಲ ಯಾರೂ ಒಪ್ಪಲಾರರು. ಎರಡನೆಯದು ಮಾತ್ರ ನಮ್ಮವರ ಮನಸ್ಸಿನಲ್ಲೂ ಪರೀಕ್ಷೆಗೆ ಒಳಗಾಗದೆ ಉಳಿದುಬಿಟ್ಟಿದೆ. ಆದ್ದರಿಂದ ಈ ಪದದ ಚರಿತ್ರೆಯನ್ನೇ ಸ್ವಲ್ಪ ಕೆದಕಿ ನೋಡುವುದು ಇಲ್ಲಿ ನನ್ನ ಉದ್ದೇಶ.

ಸಂಸ್ಕೃತದಲ್ಲಿ ‘ಸಂವಾದ’ಕ್ಕೆ ಎರಡು ಅರ್ಥಗಳಿವೆ. ಕೂಡಿ ಮಾತಾಡುವುದು ಒಂದು. ಹೊಂದಿಕೆ, ಒಪ್ಪಿಗೆ ಎನ್ನುವುದು ಇನ್ನೊಂದು. ಇದರ ಎದುರು ಪದ ‘ವಿಸಂವಾದ’, ಅಂದರೆ ತಾಳೆಯಾಗದಿರುವುದು. ಸಂಗೀತ ಬಲ್ಲವರಿಗೆ ವಾದಿ, ಸಂವಾದಿ, ವಿವಾದಿ ಸ್ವರಗಳು ಗೊತ್ತು. ರಾಗದ ಮುಖ್ಯ ಸ್ವರ ವಾದಿ. ಅದರ ಜೊತೆ ಹೊಂದಿಕೊಂಡು ಹೋಗುವುದು ಸಂವಾದಿ. ಹೊಂದದೆ ಇರುವುದು ವಿವಾದಿ. ಯಜಮಾನ ಸ್ವರ ಯಾವುದೆಂದು ಮೊದಲೇ ತೀರ್ಮಾನವಾಗಿರುತ್ತದೆ ಎನ್ನುವುದನ್ನು ಗಮನಿಸಬೇಕು. ಹೀಗೆ ‘ಮಾತಾಡೋಣ ಬಾ’ ಎಂಬ ಕರೆಯ ಬೆನ್ನಿಗೇ ‘ಒಪ್ಪಿಕೋ ಬಾ’ ಎಂಬ ಇನ್ನೊಂದು ಕರೆ ಈ ಪದಕ್ಕೆ ಅಂಟಿಕೊಂಡು ಬಂದಿದೆ.

ಮಾತಿನ ಬಗೆಗಳನ್ನು ನಮ್ಮ ಹಳೆಯ ಶಾಸ್ತ್ರಗಳು ಸೂಕ್ಷ್ಮವಾಗಿ ವಿಂಗಡಿಸಿವೆ. ನ್ಯಾಯಸೂತ್ರಗಳು ಸತ್ಯಕ್ಕಾಗಿ ನಡೆಯುವುದನ್ನು ವಾದ ಎಂದೂ, ಗೆಲುವಿಗಾಗಿ ನಡೆಯುವುದನ್ನು ಜಲ್ಪ ಎಂದೂ, ತನ್ನದೊಂದು ಪಕ್ಷವನ್ನೇ ಹೂಡದೆ ಎದುರಾಳಿಯನ್ನು ಬರೀ ಕೆಡವುವುದನ್ನು ವಿತಂಡ ಎಂದೂ ಕರೆಯುತ್ತವೆ. ಚರಕಸಂಹಿತೆ ವೈದ್ಯರಿಗೆ ಸ್ನೇಹದ ಚರ್ಚೆ ಬೇರೆ, ಹೋರಾಟದ ಚರ್ಚೆ ಬೇರೆ ಎಂದು ಹೇಳಿಕೊಡುತ್ತದೆ. ಇವೆಲ್ಲ ದೊಡ್ಡ ಸಾಧನೆಗಳೇ. ಆದರೆ ಇವು ಸಭೆಯ ಒಳಗೆ ಕೂತವರ ನಡುವಣ ವಿಂಗಡಣೆಗಳು. ಸಭೆಯ ಹೊರಗೆ ಯಾರು ನಿಲ್ಲಬೇಕು ಎನ್ನುವುದನ್ನು ಬೇರೆ ಪುಸ್ತಕಗಳು ತೀರ್ಮಾನಿಸಿದ್ದವು. ವೇದ ಕೇಳಿಸಿಕೊಂಡ ಶೂದ್ರನ ಕಿವಿಗೆ ಕಾದ ಸೀಸ ಸುರಿಯಬೇಕೆಂದು ಗೌತಮ ಧರ್ಮಸೂತ್ರ ಹೇಳಿತು. ಬ್ರಾಹ್ಮಣನಿಗೆ ಧರ್ಮ ಬೋಧಿಸಲು ಹೋದ ಶೂದ್ರನ ಬಾಯಿಗೂ ಕಿವಿಗೂ ಕಾದ ಎಣ್ಣೆ ಹೊಯ್ಯಬೇಕೆಂದು ಮನುಸ್ಮೃತಿ ಹೇಳಿತು. ಬಾಯಿ, ಕಿವಿ—ಮಾತುಕತೆಗೆ ಬೇಕಾದ್ದು ಇವೆರಡೇ ಅಲ್ಲವೆ? ಒಳಗೆ ಬಂದವರ ಸ್ಥಿತಿಯೂ ಪೂರ್ತಿ ಸುಖದ್ದಲ್ಲ. ಜನಕನ ಸಭೆಯಲ್ಲಿ ಗಾರ್ಗಿ ಒಂದರ ಮೇಲೊಂದು ಪ್ರಶ್ನೆ ಕೇಳುತ್ತಾ ಹೋದಾಗ, ಇನ್ನೂ ಮುಂದೆ ಹೋದರೆ ತಲೆ ಉರುಳೀತು ಎಂದು ಯಾಜ್ಞವಲ್ಕ್ಯ ಎಚ್ಚರಿಸುತ್ತಾನೆ. ಬೃಹದಾರಣ್ಯಕ ಉಪನಿಷತ್ತಿನ ಈ ಪ್ರಸಂಗವನ್ನು ಮಹಾನ್ ಸಂವಾದವೆಂದೇ ನಮಗೆ ಪಾಠ ಮಾಡಲಾಗಿದೆ.

ಇನ್ನು ನಮ್ಮ ಊರುಗಳಿಗೆ ಬರೋಣ. ಕೇರಿಯಲ್ಲಿ ಯಾರೂ ‘ಸಂವಾದ’ ಎನ್ನುವುದಿಲ್ಲ. ಅಲ್ಲಿರುವುದು ಮಾತುಕತೆ, ನ್ಯಾಯ, ಪಂಚಾಯ್ತಿ, ರಾಜಿ. ‘ನ್ಯಾಯ ಸೇರ್ಸವ್ರೆ’ ಅಂದರೆ ತಕರಾರಿನ ತೀರ್ಮಾನಕ್ಕೆ ಹಿರೀಕರು ಕೂತಿದ್ದಾರೆ ಎಂದರ್ಥ. ಅವರು ಕೂತಿರುವುದು ಜಗಲಿಯ ಮೇಲೆ. ಕೇರಿಯವನು ನಿಂತಿರುತ್ತಿದ್ದುದು ಕೆಳಗೆ, ದೂರದಲ್ಲಿ. ಮೇಲಿನಿಂದ ಇಳಿಯುವ ಮಾತು ‘ಏನ್ಲಾ’. ಕೆಳಗಿನಿಂದ ಏರಬೇಕಾದ ಮಾತು ‘ಬುದ್ಧಿ’. ಹಳೇ ಮೈಸೂರು ಕಡೆಯ ಈ ಎರಡು ಸಂಬೋಧನೆಗಳೇ ಸಾಕು, ಆ ನ್ಯಾಯದ ತೀರ್ಪು ಏನೆಂದು ಹೇಳುವುದಕ್ಕೆ. ವ್ಯಾಕರಣವೇ ಒಬ್ಬನನ್ನು ಮೇಲೆ ಕೂರಿಸಿ ಇನ್ನೊಬ್ಬನನ್ನು ಕೆಳಗೆ ನಿಲ್ಲಿಸಿದ ಮೇಲೆ ಇಬ್ಬರೂ ಆಡುವ ವಿಷಯ ಯಾವುದಾದರೇನು?

ಮಾತಿಗೆ ಮುಂಚೆ ಜಾಗ ಯಾವುದು, ಷರತ್ತು ಏನು ಎಂದು ಕೇಳಿದ ಪರಂಪರೆಯೊಂದು ಈ ನೆಲದಲ್ಲಿತ್ತು. ಪಾಲಿಯ ಮಿಲಿಂದಪಞ್ಹದಲ್ಲಿ ಗ್ರೀಕ್ ದೊರೆ ಮಿಲಿಂದ ಚರ್ಚೆಗೆ ಕರೆದಾಗ ಭಿಕ್ಷು ನಾಗಸೇನ ತಕ್ಷಣ ಒಪ್ಪುವುದಿಲ್ಲ. ಪಂಡಿತರ ಹಾಗೆ ವಾದಿಸುತ್ತೀಯೋ, ರಾಜರ ಹಾಗೆ ವಾದಿಸುತ್ತೀಯೋ ಎಂದು ಕೇಳುತ್ತಾನೆ. ಪಂಡಿತರ ವಾದದಲ್ಲಿ ಗಂಟು ಬಿಡಿಸುವುದಿದೆ, ಖಂಡಿಸುವುದಿದೆ, ತಪ್ಪು ಒಪ್ಪಿಕೊಳ್ಳುವುದಿದೆ, ಯಾರೂ ಸಿಟ್ಟಾಗುವುದಿಲ್ಲ. ರಾಜರ ವಾದದಲ್ಲಿ ಒಂದು ಮಾತು ಹೇಳಿದ್ದಾಯಿತು. ಅದಕ್ಕೆ ಎದುರಾಡಿದವನಿಗೆ ಶಿಕ್ಷೆ. ಪಂಡಿತವಾದಕ್ಕಾದರೆ ಬರುತ್ತೇನೆ ಎನ್ನುತ್ತಾನೆ ನಾಗಸೇನ. ದೊರೆ ಒಪ್ಪಿದ ಮೇಲೇ ಚರ್ಚೆ ಮುಂದುವರಿಯುವುದು. ನನ್ನ ಮಟ್ಟಿಗೆ ಆ ಗ್ರಂಥದ ಅತಿ ದೊಡ್ಡ ಪ್ರಶ್ನೆ ಮಿಲಿಂದ ಕೇಳಿದ್ದಲ್ಲ, ನಾಗಸೇನ ಕೇಳಿದ್ದು.

1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ಅಂಬೇಡ್ಕರ್ ಮಾತಾಡುತ್ತಾ ಬೌದ್ಧ ಸಂಘಗಳಿಗೆ ಸಂಸದೀಯ ನಡಾವಳಿ ಗೊತ್ತಿತ್ತು ಎಂದು ನೆನಪಿಸಿದರು. ಕೂರುವ ವ್ಯವಸ್ಥೆ, ನಿರ್ಣಯ ಮಂಡನೆ, ಕೋರಂ, ಮತ ಎಣಿಕೆ ಎಂದೆಲ್ಲ ಅವರು ಪಟ್ಟಿ ಮಾಡುವಾಗ ಮೊದಲು ಬರುವುದು ಕೂರುವ ವ್ಯವಸ್ಥೆ. ಸಾತಾರದ ಶಾಲೆಯಲ್ಲಿ ಬೇರೆ ಮಕ್ಕಳಿಂದ ದೂರ, ಮನೆಯಿಂದ ತಂದ ಗೋಣಿತಟ್ಟಿನ ಮೇಲೆ ಕೂತ ಹುಡುಗನಿಗೆ ಅದು ಯಾಕೆ ಮೊದಲು ಕಾಣುತ್ತದೆ ಎನ್ನುವುದನ್ನು ನಾನು ವಿವರಿಸಬೇಕಾಗಿಲ್ಲ.

ಕನ್ನಡದಲ್ಲಿ ಸಂವಾದ ಎಂದೊಡನೆ ಎಲ್ಲರೂ ಕೈತೋರಿಸುವುದು ಹನ್ನೆರಡನೆಯ ಶತಮಾನದ ಕಲ್ಯಾಣಕ್ಕೆ. ಮಾದಾರ ಚೆನ್ನಯ್ಯ, ಡೋಹರ ಕಕ್ಕಯ್ಯ, ಸಮಗಾರ ಹರಳಯ್ಯ ಇವರೆಲ್ಲ ಇದ್ದ ಆ ಶರಣರ ಬಳಗ ನಮ್ಮ ಹೆಮ್ಮೆ ನಿಜ. ಆದರೂ ಎರಡು ಸಂಗತಿ ಮರೆಯಬಾರದು. ಅಲ್ಲಮ, ಸಿದ್ಧರಾಮ, ಅಕ್ಕ ಎದುರುಬದುರಾಗಿ ಮಾತಾಡುವ ಹಾಗೆ ಇವತ್ತು ನಾವು ಓದುವುದು ಶೂನ್ಯಸಂಪಾದನೆಗಳಲ್ಲಿ. ಬಿಡಿಬಿಡಿಯಾಗಿದ್ದ ವಚನಗಳನ್ನು ಸಂಭಾಷಣೆಯಾಗಿ ಹೆಣೆದದ್ದು ಹದಿನೈದನೆಯ ಶತಮಾನದ ಸಂಕಲನಕಾರರು. ಯಾವ ವಚನಕ್ಕೆ ಯಾವುದು ಉತ್ತರ, ಯಾರು ಕೇಳುವವರು, ಯಾರು ಕೊನೆಗೆ ಒಪ್ಪಿಕೊಳ್ಳುವವರು ಎಂಬುದು ಅವರ ಕೈಯಲ್ಲಿತ್ತು. ಎರಡನೆಯದು ಇನ್ನೂ ಕಠಿಣವಾದದ್ದು. ಶರಣರು ಕೂಡಿ ಮಾತಾಡುವಷ್ಟು ದಿನ ಕಲ್ಯಾಣ ಸಹಿಸಿತು. ಸಮಗಾರ ಹರಳಯ್ಯನ ಮಗನಿಗೂ ಬ್ರಾಹ್ಮಣ ಮೂಲದ ಮಧುವರಸನ ಮಗಳಿಗೂ ಮದುವೆ ಆಯಿತು ಎಂದಾಗ ಎರಡೂ ಕಡೆಯ ತಂದೆಯರನ್ನು ಎಳೆಹೂಟೆ ಕಟ್ಟಿಸಿ ಕೊಂದರು ಎಂದು ಪರಂಪರೆ ಹೇಳುತ್ತದೆ. ಸಂವಾದ ಬಾಯಿಯಿಂದ ಮನೆಗೆ ಇಳಿದ ಕೂಡಲೇ ಪಂಡಿತವಾದ ಮುಗಿದು ರಾಜವಾದ ಶುರುವಾಯಿತು.

ಇದನ್ನು ವಿದ್ವಾಂಸರಿಗಿಂತ ಮೊದಲೇ ಬಲ್ಲವರು ನೀಲಗಾರರು. ಅವರು ತಂಬೂರಿ ಹಿಡಿದು ಹಾಡುವ ಮಂಟೇಸ್ವಾಮಿ ಕಾವ್ಯದಲ್ಲಿ ಮಂಟೇಸ್ವಾಮಿ ಅಂತ್ಯಜನ ವೇಷದಲ್ಲಿ, ನಾರುವ ಮೈಯಲ್ಲಿ ಕಲ್ಯಾಣದ ಬಾಗಿಲಿಗೆ ಬರುತ್ತಾನೆ. ಶರಣರ ಪಟ್ಟಣ ಅನ್ನಿಸಿಕೊಂಡಿದ್ದರ ಬಾಗಿಲಲ್ಲೇ ಅವನನ್ನು ತಡೆಯುತ್ತಾರೆ. ಒಳಗಿನ ಮಾತು ಎಷ್ಟು ಎತ್ತರದ್ದು ಎಂದು ಈ ಕಾವ್ಯ ಕೇಳುವುದಿಲ್ಲ. ಬಾಗಿಲಲ್ಲಿ ಏನಾಯಿತು ಎಂದು ಕೇಳುತ್ತದೆ. ಇದನ್ನು ಬಸವಣ್ಣನಿಗೆ ಮಾಡಿದ ಅವಮಾನ ಎಂದು ಭಾವಿಸಬೇಕಿಲ್ಲ. ಬಸವಣ್ಣನನ್ನು ಅವನ ಮಾತಿಗೇ ಕಟ್ಟುಹಾಕುವ, ಕೇರಿಯ ಕಡೆಯಿಂದ ಬಂದ ವಿಮರ್ಶೆ ಇದು. ದಲಿತ ವಿಮರ್ಶೆ ಎಂಬ ಹೆಸರು ಹುಟ್ಟುವ ಎಷ್ಟೋ ಮುಂಚೆ ಇದ್ದ ದಲಿತ ವಿಮರ್ಶೆ.

ಕನಕದಾಸರ ರಾಮಧಾನ್ಯ ಚರಿತೆಯೂ ಇದೇ ಜಾಡಿನದು. ರಾಮನ ಸಭೆಯಲ್ಲಿ ಭತ್ತ ತನ್ನ ಕುಲೀನತೆಯನ್ನು ಹೇಳಿಕೊಂಡು ನರೆದಲೆಗವನ್ನು, ಅಂದರೆ ರಾಗಿಯನ್ನು ಹೀಯಾಳಿಸುತ್ತದೆ. ರಾಗಿ ತಲೆಬಾಗದೆ ಬಯ್ಗುಳಕ್ಕೆ ಬಯ್ಗುಳ ಹಿಂದಿರುಗಿಸುತ್ತದೆ. ಸಭೆ ಈ ವಾದವನ್ನು ಮಾತಿನಲ್ಲಿ ಬಗೆಹರಿಸಲಾರದೆ ಹೋಗುತ್ತದೆ. ಕೊನೆಗೆ ಎರಡನ್ನೂ ಆರು ತಿಂಗಳು ಸೆರೆಯಲ್ಲಿಡುತ್ತಾರೆ. ಭತ್ತ ಕೆಡುತ್ತದೆ, ರಾಗಿ ಉಳಿಯುತ್ತದೆ. ಮೇಲಿನದು, ಕೆಳಗಿನದು ಎರಡನ್ನೂ ಒಂದೇ ಸೆರೆಗೆ, ಒಂದೇ ಅವಧಿಗೆ ಹಾಕಿದ್ದರಿಂದಲೇ ನಿಜ ಹೊರಬಿತ್ತು. ಕೆಳಗಿನವನನ್ನಷ್ಟೇ ಒಳಗೆ ಹಾಕಿ, ಮೇಲಿನವನನ್ನು ಸಭೆಯಲ್ಲೇ ಕೂರಿಸಿಕೊಂಡಿದ್ದರೆ ಆ ಕಾವ್ಯ ಹುಟ್ಟುತ್ತಿರಲಿಲ್ಲ.

ಇಪ್ಪತ್ತನೆಯ ಶತಮಾನದಲ್ಲಿ ಈ ಪದ ತನ್ನ ಅತಿ ಕಠಿಣ ಪರೀಕ್ಷೆ ಎದುರಿಸಿದ್ದು ಗಾಂಧಿ ಮತ್ತು ಅಂಬೇಡ್ಕರ್ ನಡುವೆ. 1932ರ ಆಗಸ್ಟಿನಲ್ಲಿ ಬ್ರಿಟಿಷ್ ಸರ್ಕಾರ ದಲಿತರಿಗೆ ಪ್ರತ್ಯೇಕ ಮತಕ್ಷೇತ್ರ ಕೊಟ್ಟಿತು. ಸೆಪ್ಟೆಂಬರ್ 20ರಂದು ಗಾಂಧೀಜಿ ಯರವಡಾ ಜೈಲಿನಲ್ಲಿ ಆಮರಣ ಉಪವಾಸ ಕೂತರು. 24ರಂದು ಪೂನಾ ಒಪ್ಪಂದಕ್ಕೆ ಸಹಿ ಬಿತ್ತು. ಪ್ರಾಂತೀಯ ಶಾಸನಸಭೆಗಳಲ್ಲಿ ಮೀಸಲು ಸ್ಥಾನ 71ರಿಂದ 148ಕ್ಕೆ ಏರಿತು, ಪ್ರತ್ಯೇಕ ಮತಕ್ಷೇತ್ರ ಹೋಯಿತು. ಮಾತುಕತೆ ನಡೆಯಿತು ಎನ್ನುವುದು ಸುಳ್ಳಲ್ಲ. ಆದರೆ ಅಂಬೇಡ್ಕರ್ ‘ಒಲ್ಲೆ’ ಎಂದಿದ್ದರೆ ಏನಾಗುತ್ತಿತ್ತು? ಗಾಂಧಿಗೇನಾದರೂ ಆಗಿದ್ದರೆ ಹಳ್ಳಿಹಳ್ಳಿಯ ಕೇರಿಗಳು ಅದರ ಬೆಲೆ ತೆರಬೇಕಾಗುತ್ತಿತ್ತು. ಒಂದು ಕಡೆಯವನಿಗೆ ಒಲ್ಲೆ ಎನ್ನುವ ಅವಕಾಶವೇ ಇಲ್ಲದ ಕಡೆ ಬಂದ ಒಪ್ಪಿಗೆಯನ್ನು ಒಪ್ಪಂದ ಎನ್ನಬಹುದು. ಸಂವಾದ ಎನ್ನಲು ನನಗೆ ನಾಲಿಗೆ ಬಾರದು.

ಇದರ ಪಕ್ಕದಲ್ಲಿ 1936ನ್ನು ಇಟ್ಟು ನೋಡಿ. ಲಾಹೋರಿನ ಜಾತ್‌ಪಾತ್ ತೋಡಕ್ ಮಂಡಲ ತನ್ನ ಸಮ್ಮೇಳನದ ಅಧ್ಯಕ್ಷತೆಗೆ ಅಂಬೇಡ್ಕರರನ್ನು ಕರೆಯಿತು. ಭಾಷಣ ಓದಿ ಬೆಚ್ಚಿ, ಕೆಲವು ಭಾಗ ತೆಗೆಯಿರಿ ಎಂದಿತು. ಅವರು ಒಂದು ಅಲ್ಪವಿರಾಮವನ್ನೂ ಬದಲಿಸಲೊಲ್ಲೆ ಎಂದರು. ಸಮ್ಮೇಳನವೇ ರದ್ದಾಯಿತು. ಅಂಬೇಡ್ಕರ್ ಆ ಭಾಷಣವನ್ನು ‘ಜಾತಿ ವಿನಾಶ’ ಎಂದು ತಾವೇ ಅಚ್ಚು ಹಾಕಿಸಿದರು. 1500 ಪ್ರತಿಗಳು ಎರಡು ತಿಂಗಳಲ್ಲಿ ಖರ್ಚಾದವು. ಗಾಂಧೀಜಿ ಜುಲೈನಲ್ಲಿ ‘ಹರಿಜನ’ ಪತ್ರಿಕೆಯಲ್ಲಿ ಅದಕ್ಕೆ ಉತ್ತರ ಬರೆದರು. ಎಂಟಾಣೆ ಬೆಲೆ ಜಾಸ್ತಿಯಾಯಿತು ಎಂದೂ ಸೇರಿಸಿದರು. 1937ರ ಆವೃತ್ತಿಯಲ್ಲಿ ಅಂಬೇಡ್ಕರ್ ಗಾಂಧೀಜಿಯ ಟೀಕೆಯನ್ನು ಅಚ್ಚುಮಾಡಿ, ಅದರ ಜೊತೆಗೆ ತಮ್ಮ ಉತ್ತರವನ್ನೂ ಕೊಟ್ಟರು. ಜಾತಿಯ ಬಗ್ಗೆ ಆ ಶತಮಾನದ ಅತಿ ದೊಡ್ಡ ಸಂವಾದ ನಡೆದದ್ದು ಕರೆಯೋಲೆ ವಾಪಸಾದ ಮೇಲೆ. ಎದುರಾಳಿಯ ಮಾತನ್ನು ತನ್ನ ಪುಸ್ತಕದಲ್ಲಿ ತನ್ನ ಖರ್ಚಿನಲ್ಲಿ ಅಚ್ಚು ಹಾಕಿದವನು, ಸಂವಾದ ಗೊತ್ತಿಲ್ಲ ಎಂದು ಅನ್ನಿಸಿಕೊಂಡವನೇ.

ಈ ಇಬ್ಬರೂ ಮುಖಾಮುಖಿಯಲ್ಲಿ ಪರಸ್ಪರ ಬದಲಾದರು ಎಂದು ಡಿ.ಆರ್. ನಾಗರಾಜ್ 1993ರ ತಮ್ಮ ಇಂಗ್ಲಿಷ್ ಪುಸ್ತಕದಲ್ಲಿ ವಾದಿಸಿದರು. ಆತ್ಮಶುದ್ಧಿಯ ದಾರಿ, ಆತ್ಮಗೌರವದ ದಾರಿ ಎರಡನ್ನೂ ಎದುರಿಗಿಟ್ಟು ನೋಡಿದ ಆ ಬರಹ ನಮ್ಮ ವಿಮರ್ಶೆಗೆ ದೊಡ್ಡ ಉಪಕಾರ ಮಾಡಿದೆ. ಜಾತಿ ಮೀರಿದ ಮದುವೆಗಳಿಗಷ್ಟೇ ಹೋಗುತ್ತೇನೆ ಎನ್ನುವ ಕಡೆಗೆ ಗಾಂಧೀಜಿ ಕೊನೆಗಾಲದಲ್ಲಿ ಬಂದದ್ದು ನಿಜ. ನನ್ನ ಸೇರ್ಪಡೆ ಇಷ್ಟೇ: ಆ ಬದಲಾವಣೆ ಅಂಬೇಡ್ಕರರ ವಿನಯದಿಂದ ಬರಲಿಲ್ಲ, ಅವರ ಹಟದಿಂದ ಬಂತು. ಮುಖಾಮುಖಿಯ ಫಲ ತಿನ್ನುವವರು ಅದರ ಬೇರಿನಲ್ಲಿದ್ದ ಜಗಳವನ್ನು ಮರೆಯಬಾರದು.

ಕರ್ನಾಟಕದಲ್ಲೂ ಹಾಗೇ ಆಯಿತು. 1973ರ ನವೆಂಬರಿನಲ್ಲಿ ಮೈಸೂರಿನಲ್ಲಿ ಮಂತ್ರಿ ಬಿ. ಬಸವಲಿಂಗಪ್ಪ ಕನ್ನಡ ಸಾಹಿತ್ಯದಲ್ಲಿ ಬಹುಪಾಲು ಬೂಸಾ ಎಂದರು. ಅದು ಒಂದು ಸಾಹಿತ್ಯ ವಿಮರ್ಶೆ, ಒಪ್ಪಬಹುದು, ಖಂಡಿಸಬಹುದು. ಬಂದ ಉತ್ತರ ಕಲ್ಲು, ದೊಣ್ಣೆ. ದಲಿತ ವಿದ್ಯಾರ್ಥಿಗಳು ಏಟು ತಿಂದರು, ಮಂತ್ರಿ ರಾಜೀನಾಮೆ ಕೊಡಬೇಕಾಯಿತು. 1979ರ ಧರ್ಮಸ್ಥಳದ ಸಾಹಿತ್ಯ ಸಮ್ಮೇಳನದಲ್ಲಿ ದಲಿತ ಸಾಹಿತ್ಯಕ್ಕೆ ಒಂದು ಗೋಷ್ಠಿ ಕೇಳಿದರೆ ಕೊಡಲಿಲ್ಲ. ಅದೇ ವರ್ಷ ಬೆಂಗಳೂರಿನಲ್ಲಿ ಬಂಡಾಯ ಸಾಹಿತ್ಯ ಸಂಘಟನೆ ಹುಟ್ಟಿತು. ಬೂಸಾ ಗಲಾಟೆಯ ಬಿಸಿಯಿಂದ ಎದ್ದು ಬಂದ ಸಂಘಟನೆ ತನಗೆ ‘ದಲಿತ ಸಂಘರ್ಷ ಸಮಿತಿ’ ಎಂದು ಹೆಸರಿಟ್ಟುಕೊಂಡಿತು. ಸಂಘರ್ಷ ಎಂದರೆ ಕೂಡಿ ಉಜ್ಜುವುದು. ಸಂವಾದದಲ್ಲಿರುವ ‘ಸಂ’ ಅಲ್ಲೂ ಇದೆ. ಎರಡು ಕಟ್ಟಿಗೆ ಉಜ್ಜಬೇಕಾದರೆ ಎರಡೂ ಒಂದನ್ನೊಂದು ಮುಟ್ಟಲೇಬೇಕು. ಮುಟ್ಟಬಾರದು ಎಂಬುದೇ ಕಾನೂನಾಗಿದ್ದ ಸಮಾಜದಲ್ಲಿ ಮೊದಲ ಮುಟ್ಟುವಿಕೆ ಘರ್ಷಣೆಯಾಗದೆ ಇನ್ನೇನಾದೀತು? ನಂತರದ ವರ್ಷಗಳಲ್ಲಿ ಸಂವಾದಕ್ಕೆ ದಲಿತರನ್ನು ವೇದಿಕೆಗೆ ಕರೆದರು ಎಂದರೆ, ಆ ಕುರ್ಚಿಯನ್ನು ತಂದು ಹಾಕಿದ್ದು ಸಂಘರ್ಷವೇ.

ಹಾಗಂತ ರಾಜವಾದ ಮುಗಿದಿಲ್ಲ. 2000ದ ಮಾರ್ಚ್ 11ರಂದು ಕಂಬಾಲಪಲ್ಲಿಯಲ್ಲಿ ಏಳು ಜನ ದಲಿತರನ್ನು ಸುಟ್ಟರು. 2006ರಲ್ಲಿ ಆರೋಪಿಗಳೆಲ್ಲ ಬಿಡುಗಡೆಯಾದರು, ಸಾಕ್ಷಿಗಳು ತಿರುಗಿಬಿದ್ದರು ಎಂದು. ಕಣ್ಣಾರೆ ಕಂಡವರ ಬಾಯಿ ಕೋರ್ಟಿನಲ್ಲಿ ಕಟ್ಟಿಹೋಗುತ್ತದೆ ಎಂದರೆ ಆ ಊರಿನಲ್ಲಿ ಯಾವ ಬಗೆಯ ಮಾತುಕತೆ ನಡೆದಿರಬಹುದು? ಎಲ್ಲ ಕಡೆಯೂ ಇದೇ ಪಾಠ: ದೂರು ಕೊಟ್ಟ ಮರುದಿನ ‘ಯಾಕಪ್ಪ, ಒಂದೇ ಊರಿನೋರು, ಕೂತು ಮಾತಾಡ್ಕಳಿ’ ಎಂದು ಹೇಳಿಕೊಂಡು ಹಿರೀಕರು ಬರುತ್ತಾರೆ. ಕೂಲಿ, ಕೈಸಾಲ, ದನ ಮೇಯುವ ದಾರಿ ಎಲ್ಲ ಅವರ ಕೈಯಲ್ಲಿರುತ್ತವೆ. 1989ರ ದೌರ್ಜನ್ಯ ತಡೆ ಕಾಯ್ದೆ ಬಂದದ್ದೇ ಇಂಥ ‘ಕೂತು ಮಾತಾಡುವುದರ’ ಆಚೆಗೆ ಒಂದು ಜಾಗ ಬೇಕು ಎಂದು.

ದಲಿತ ವಿಮರ್ಶೆ ‘ಸಂವಾದ’ ಎಂಬ ಪದವನ್ನು ಬಿಸಾಡಬೇಕು ಎಂದು ನಾನು ಹೇಳುವುದಿಲ್ಲ. ಅದು ನಾಗಸೇನನ ಪದವೂ ಹೌದು. ಆದರೆ ಆ ಪದ ಎದುರಾದಾಗಲೆಲ್ಲ, ಗ್ರಂಥವಿರಲಿ, ಗೋಷ್ಠಿಯಿರಲಿ, ಊರ ನ್ಯಾಯವಿರಲಿ, ಮೂರು ಪ್ರಶ್ನೆ ಕೇಳಬೇಕು. ಯಾರು ಎಲ್ಲಿ ಕೂತಿದ್ದಾರೆ? ಬಾಗಿಲಲ್ಲಿ ಯಾರನ್ನು ತಡೆದಿದ್ದಾರೆ? ಒಲ್ಲೆ ಎಂದವನ ಗತಿ ಏನು? ಮೊದಲ ಎರಡಕ್ಕೆ ಉತ್ತರ ಸಭೆಯಲ್ಲೇ ಸಿಗುತ್ತದೆ. ಮೂರನೆಯದಕ್ಕೆ ಸಿಗುವುದಿಲ್ಲ. ಮಾತು ಮುಗಿದ ಮಾರನೆಯ ದಿನ ಕೇರಿಯ ನಲ್ಲಿಯಲ್ಲಿ ನೀರು ಬಂತೋ ಇಲ್ಲವೋ, ಗದ್ದೆಗೆ ಕೂಲಿಗೆ ಕರೆದರೋ ಇಲ್ಲವೋ, ಅಂಗಡಿಯಲ್ಲಿ ಸಾಮಾನು ಕೊಟ್ಟರೋ ಇಲ್ಲವೋ ಎಂದು ಹೋಗಿ ನೋಡಿಕೊಂಡು ಬರಬೇಕು. ನೋಡಿಕೊಂಡು ಬಂದ ಮೇಲೆ ಬೇಕಾದರೆ ಅದನ್ನು ಸಂವಾದ ಎಂದು ಕರೆಯೋಣ.