ಹಿಟ್ಲರನ ಮೂಗನ್ನು ಅಳೆದ ಸಂಪಾದಕ

ಮ್ಯೂನಿಕ್ ನಗರದ ಪ್ರಮುಖ ದಿನಪತ್ರಿಕೆಯೊಂದರ ಸಂಪಾದಕರಾಗಿದ್ದ ಫ್ರಿಟ್ಸ್ ಗೆರ್ಲಿಕ್ ಮೊದಲಿನಿಂದಲೂ ನಾಜಿ ವಿರೋಧಿಗಳೇನಲ್ಲ. ಅವರೂ ಕಟ್ಟಾ ರಾಷ್ಟ್ರೀಯವಾದಿಯೇ. 1923ರಲ್ಲಿ ಹಿಟ್ಲರ್ ಅವರ ಮನೆಗೇ ಹೋಗಿ ಮಾತನಾಡಿದ್ದುಂಟು. ಅದೇ ನವೆಂಬರಿನಲ್ಲಿ ಅವನು ಬಂದೂಕು ಹಿಡಿದು ಅಧಿಕಾರ ಕಸಿಯಲು ಹೊರಟಾಗ ಗೆರ್ಲಿಕ್ ಅವರ ಕಣ್ಣು ತೆರೆಯಿತು. ಮುಂದೆ ತಮ್ಮದೇ ವಾರಪತ್ರಿಕೆಯಲ್ಲಿ ನಾಜಿಗಳ ಬಣ್ಣ ಬಯಲು ಮಾಡತೊಡಗಿದರು. 1932ರಲ್ಲಿ ಅದಕ್ಕೆ ‘ಡೆರ್ ಗೆರಾಡೆ ವೆಗ್’, ಎಂದರೆ ‘ನೇರ ದಾರಿ’, ಎಂದು ಹೆಸರಿಟ್ಟರು.

ವಿದ್ಯಾರ್ಥಿ ಮಿತ್ರರೇ, ಅದರಲ್ಲಿ ಅದೇ ಜುಲೈನಲ್ಲಿ ಬಂದ ಒಂದು ಲೇಖನ ಸ್ವಾರಸ್ಯವಾದುದು. ನಾಜಿಗಳ ಮೆಚ್ಚಿನ ಜನಾಂಗತಜ್ಞ ಹಾನ್ಸ್ ಗುಂಟರ್ ಮೂಗು, ತಲೆಗಳ ಆಕಾರ ನೋಡಿ ಜನಾಂಗ ನಿರ್ಣಯಿಸುತ್ತಿದ್ದ. ಗೆರ್ಲಿಕ್ ಆ ಅಳತೆಗೋಲನ್ನೇ ಹಿಟ್ಲರನ ಭಾವಚಿತ್ರದ ಮೇಲಿಟ್ಟರು. ಬೀಜಗಣಿತದಲ್ಲಿ ಸೂತ್ರಕ್ಕೆ ಬೆಲೆ ಹಾಕಿ ತಾಳೆ ನೋಡುವುದಿಲ್ಲವೇ, ಹಾಗೆ. ಉತ್ತರವೇನು ಬಂತು? ಆ ಲೆಕ್ಕದಲ್ಲಿ ನಾಯಕನೇ ಶುದ್ಧ ಜನಾಂಗದವನಲ್ಲ! ಹುಸಿ ವಿಜ್ಞಾನಕ್ಕೆ ಇದಕ್ಕಿಂತ ಒಳ್ಳೆಯ ಪರೀಕ್ಷೆ ನನಗೆ ಗೊತ್ತಿಲ್ಲ.

1933ರ ಮಾರ್ಚ್ 9ರಂದು ನಾಜಿ ದಳದವರು ಪತ್ರಿಕಾ ಕಛೇರಿಗೆ ನುಗ್ಗಿ, ಗೆರ್ಲಿಕ್ ಅವರನ್ನು ಥಳಿಸಿ ಎಳೆದೊಯ್ದರು. ವಿಚಾರಣೆ ನಡೆಯಲೇ ಇಲ್ಲ. 1934ರ ಜೂನ್ 30ರ ರಾತ್ರಿ ಡಾಖಾವ್ ಶಿಬಿರದಲ್ಲಿ ಅವರನ್ನು ಕೊಂದರು. ಪತ್ನಿಯ ಕೈಸೇರಿದ್ದು ರಕ್ತ ಸಿಡಿದಿದ್ದ ಅವರ ಕನ್ನಡಕ ಎನ್ನುತ್ತಾರೆ.