ಮಿಖಾಯಿಲ್ ರೊಮಾದಿನ್: ಅಂತರಿಕ್ಷದಲ್ಲಿ ಮೇಣದ ಬತ್ತಿ ಹಚ್ಚಿದ ಕಲಾ ನಿರ್ದೇಶಕ

ಸೋವಿಯತ್ ಚಿತ್ರರಂಗದ ಕಲಾ ನಿರ್ದೇಶಕ ಮಿಖಾಯಿಲ್ ರೊಮಾದಿನ್ (1940-2012) ಅವರ ಹೆಸರು ಆಂದ್ರೇ ತಾರ್ಕೋವ್‌ಸ್ಕಿ ನಿರ್ದೇಶಿಸಿದ 'ಸೊಲಾರಿಸ್' (1972) ಚಿತ್ರದೊಡನೆ ಬೆಸೆದುಕೊಂಡಿದೆ. ಮಾಸ್ಕೋದಲ್ಲಿ ಜನಿಸಿದ ಇವರ ತಂದೆ ನಿಕೊಲಾಯ್ ರೊಮಾದಿನ್ ಹೆಸರಾಂತ ನಿಸರ್ಗ ಚಿತ್ರಕಾರರು. ಮಗ ಮಾಸ್ಕೋದ ಚಲನಚಿತ್ರ ಸಂಸ್ಥೆ 'ವಿಜಿಕ್'ನಲ್ಲಿ ಶಿಕ್ಷಣ ಪಡೆದು ಸಿನಿಮಾಕ್ಕೆ ಬಂದರು.

ಆರಂಭದ ಚಿತ್ರಗಳು ಆಂದ್ರೇ ಕೊಂಚಾಲೋವ್‌ಸ್ಕಿ ಅವರವು. ಚಿಂಗೀಜ್ ಐತ್ಮಾತೊವ್ ಅವರ ಕಥೆಯನ್ನಾಧರಿಸಿದ 'ಮೊದಲ ಗುರು' (1965) ಕಿರ್ಗಿಜ್ ಹಳ್ಳಿಯೊಂದರಲ್ಲಿ ನಡೆಯುತ್ತದೆ. ಬಳಿಕ ಬಂದ ಆಸ್ಯಾ ಎಂಬ ರೈತ ಮಹಿಳೆಯ ಕಥೆಯಲ್ಲಿ ಬಹುಪಾಲು ಪಾತ್ರಧಾರಿಗಳು ಹಳ್ಳಿಯ ಜನರೇ. ಅದು ಅಧಿಕಾರಿಗಳಿಗೆ ಹಿಡಿಸದೆ ಸುಮಾರು ಎರಡು ದಶಕ ಪೆಟ್ಟಿಗೆಯಲ್ಲೇ ಉಳಿಯಿತು. ತುರ್ಗೆನೆವ್ ಕಾದಂಬರಿ ಆಧರಿಸಿದ 'ಕುಲೀನರ ಗೂಡು' (1969) ಚಿತ್ರಕ್ಕೆ ಇತರ ಕಲಾವಿದರೊಂದಿಗೆ ದುಡಿದರು. ಹೀಗೆ ಮಣ್ಣಿನ ಗೋಡೆಯಿಂದ ಜಮೀನ್ದಾರರ ಮನೆಯವರೆಗೆ ಎಲ್ಲವನ್ನೂ ಕಟ್ಟಿದ ಮೇಲೆಯೇ ಅವರಿಗೆ ಅಂತರಿಕ್ಷ ಎದುರಾಯಿತು.

ಪೋಲೆಂಡಿನ ಲೇಖಕ ಸ್ಟಾನಿಸ್ಲಾವ್ ಲೆಮ್ ಅವರ ಕಾದಂಬರಿ 'ಸೊಲಾರಿಸ್' (1961) ಅನ್ಯಗ್ರಹದ ಮೇಲಿನ ನಿಲ್ದಾಣದ ಕಥೆ. ಕ್ಯೂಬ್ರಿಕ್ ಅವರ '2001: ಎ ಸ್ಪೇಸ್ ಒಡಿಸ್ಸಿ' (1968) ತೋರಿದ ಯಂತ್ರವೈಭವ ತಾರ್ಕೋವ್‌ಸ್ಕಿಗೆ ರುಚಿಸಿರಲಿಲ್ಲ. ಅವರಿಗೆ ಬೇಕಾದದ್ದು ಜನ ಬಾಳಿ ಸವೆಸಿದ ಜಾಗ. ಆದ್ದರಿಂದ ರೊಮಾದಿನ್ ರೂಪಿಸಿದ ದುಂಡನೆಯ ಓಣಿಗಳಲ್ಲಿ ತಂತಿಗಳು ಹೊರಚಾಚಿವೆ, ಕಸ ಬಿದ್ದಿದೆ, ಗೋಡೆಯ ಉಪಕರಣಗಳು ಕೆಟ್ಟಿವೆ. ಭವಿಷ್ಯವೂ ಹಳತಾಗುತ್ತದೆ ಎಂಬುದನ್ನು ಮಾತಿಲ್ಲದೆ ಹೇಳುವ ದೃಶ್ಯಗಳಿವು. ಓಣಿಯ ಕೆಲವು ಅಲಂಕಾರಗಳು ಇಂದು ಎಪ್ಪತ್ತರ ದಶಕದವೆಂದೇ ಕಾಣುತ್ತವೆ. ಆ ಮಾತನ್ನು ಮುಚ್ಚಿಡಬೇಕಾಗಿಲ್ಲ.

ಆದರೆ ನಿಲ್ದಾಣದ ಗ್ರಂಥಾಲಯಕ್ಕೆ ಕಾಲ ತಟ್ಟಿಲ್ಲ. ಮರದ ಪೀಠೋಪಕರಣ, ಪುಸ್ತಕಗಳು, ಮೇಣದ ಬತ್ತಿಗಳು, ಗಾಜಿನ ತೂಗುದೀಪ, ವೀನಸ್ ಪ್ರತಿಮೆ. ಗೋಡೆಯ ಮೇಲೆ 16ನೇ ಶತಮಾನದ ಬ್ರೂಗೆಲ್ ರಚಿಸಿದ ಹಿಮದ ಬೇಟೆಗಾರರ ಚಿತ್ರ. ನಿಲ್ದಾಣದಲ್ಲಿ ಮೂವತ್ತು ಸೆಕೆಂಡು ಗುರುತ್ವ ಇಲ್ಲವಾದಾಗ ತೂಗುದೀಪದ ಹರಳುಗಳು ಕಿಣಿಕಿಣಿಸುತ್ತವೆ, ಉರಿಯುವ ಬತ್ತಿಗಳ ದೀಪಸ್ತಂಭ ತೇಲಿ ಹೋಗುತ್ತದೆ, 'ಡಾನ್ ಕ್ವಿಕ್ಸೋಟ್' ಪುಸ್ತಕ ಗಾಳಿಯಲ್ಲಿ ಈಜುತ್ತದೆ. ಕೋಣೆಯಲ್ಲಿ ಉಕ್ಕು, ಪ್ಲಾಸ್ಟಿಕ್ಕುಗಳಷ್ಟೇ ಇದ್ದಿದ್ದರೆ ಈ ತೇಲುವಿಕೆ ಬರಿಯ ಚಮತ್ಕಾರವಾಗುತ್ತಿತ್ತು. ಮನೆಯ ವಸ್ತುಗಳೇ ಭಾರ ಕಳೆದುಕೊಂಡದ್ದರಿಂದ ನಾಯಕ ಕ್ರಿಸ್ ಕೆಲ್ವಿನ್‌ನೂ, ಸತ್ತು ಮರಳಿದ ಅವನ ಹೆಂಡತಿಯ ಆಕೃತಿಯೂ ತಬ್ಬಿ ತೇಲುವುದು ಮನಸ್ಸನ್ನು ಕಲಕುತ್ತದೆ. ಇದಕ್ಕೂ ಮುನ್ನ ಬರುವ ಭೂಮಿಯ ದೃಶ್ಯಗಳಲ್ಲಿನ ಕೊಳ, ನೀರಿನ ಗಿಡ, ಮಳೆಯಲ್ಲಿ ನೆನೆಯುವ ಚಹಾ ಬಟ್ಟಲುಗಳನ್ನು ನೆನೆದರೆ ಕೆಲ್ವಿನ್ ಏನನ್ನು ಬಿಟ್ಟು ಬಂದನೆಂಬುದು ಸ್ಪಷ್ಟವಾಗುತ್ತದೆ.

ಚಿತ್ರದ ಛಾಯೆಗೆ ವೆನಿಸ್ಸಿನ ಕಾರ್ಪಾಚ್ಚೊ ಎಂಬ ಪುರಾತನ ಚಿತ್ರಕಾರನ ಕೃತಿಗಳನ್ನು ತಾರ್ಕೋವ್‌ಸ್ಕಿ ಮಾದರಿಯಾಗಿ ಸೂಚಿಸಿದ್ದರೆಂದು ರೊಮಾದಿನ್ ಸ್ಮರಿಸಿದ್ದಾರೆ. ಆ ಚಿತ್ರಗಳಲ್ಲಿ ಒಂದೇ ಕಡೆ ನಿಂತವರೂ ಒಬ್ಬರನ್ನೊಬ್ಬರು ನೋಡುವುದಿಲ್ಲ. ನಿಲ್ದಾಣದ ಮೂವರು ವಿಜ್ಞಾನಿಗಳಿಗೆ ಇದಕ್ಕಿಂತ ಒಪ್ಪುವ ಮಾದರಿ ಸಿಗುವುದು ಕಷ್ಟ.

ಕಾನ್ ಚಿತ್ರೋತ್ಸವದಲ್ಲಿ 1972ರಲ್ಲಿ ತೀರ್ಪುಗಾರರ ವಿಶೇಷ ಮಹಾ ಪ್ರಶಸ್ತಿ ಚಿತ್ರಕ್ಕೆ ಲಭಿಸಿತು. ಕೀರ್ತಿ ಸಹಜವಾಗಿಯೇ ನಿರ್ದೇಶಕರ ಪಾಲಾಯಿತು. ರೊಮಾದಿನ್ ವರ್ಣಚಿತ್ರ ಮತ್ತು ಪುಸ್ತಕಗಳ ಚಿತ್ರರಚನೆಯಲ್ಲಿಯೂ ತೊಡಗಿಕೊಂಡಿದ್ದರು. 2012ರ ಜನವರಿಯಲ್ಲಿ ಅವರು ನಿಧನರಾದರು.