ಕಾಗುಣಿತ ತಪ್ಪಿದ ಹೆಸರು

ಟಿನ್ ಫ್ಯಾಕ್ಟರಿಯಲ್ಲಿ ಬಸ್ಸಿಳಿಯುವವರಾರೂ ಕಾರ್ಖಾನೆ ಹುಡುಕುವುದಿಲ್ಲ. ಅಲ್ಲಿ ಉಳಿದಿರುವುದು ಹೆಸರು. ಸಿನಿಮಾದ ಚರಿತ್ರೆಯಲ್ಲೂ ಅಂಥದೊಂದು ಹೆಸರಿದೆ: ಮಷಿನಿಮಾ.

1996ರಲ್ಲಿ ‘ಕ್ವೇಕ್’ ಆಡುತ್ತಿದ್ದ ಗೆಳೆಯರು ಆಟದೊಳಗೇ ‘ಡೈರಿ ಆಫ್ ಎ ಕ್ಯಾಂಪರ್’ ಎಂಬ ಪುಟ್ಟ ಚಿತ್ರ ಮಾಡಿದರು. ಮರುವರ್ಷ ಎಡಿನ್‌ಬರೋದಲ್ಲಿ ಹ್ಯೂ ಹ್ಯಾನ್ಕಾಕ್ ‘ಸ್ಟ್ರೇಂಜ್ ಕಂಪನಿ’ ಕಟ್ಟಿ, ಇದನ್ನೇ ವೃತ್ತಿಯಾಗಿಸಿಕೊಂಡರು. ಗೇಮ್ ಎಂಜಿನ್ನೇ ಸೆಟ್ಟು, ದೀಪ, ಕ್ಯಾಮೆರಾ. ಆಟದ ಪಾತ್ರಗಳೇ ನಟರು. ಆಂಟನಿ ಬೈಲಿ ಸೂಚಿಸಿದ ‘ಮಷಿನೆಮಾ’ ಪದವನ್ನು ಹ್ಯಾನ್ಕಾಕ್ ತಪ್ಪಾಗಿ ‘ಮಷಿನಿಮಾ’ ಎಂದು ಬರೆದರು, ಅದೇ ನಿಂತಿತು. 2000ದಲ್ಲಿ ಆ ಹೆಸರಿನ ಜಾಲತಾಣ ತೆರೆದರು. 2006ರಲ್ಲಿ ಅದನ್ನು ಬೇರೆಯವರಿಗೆ ಬಿಟ್ಟುಕೊಟ್ಟು, ಮರುವರ್ಷ ‘ಬ್ಲಡ್‌ಸ್ಪೆಲ್’ ಎಂಬ ಪೂರ್ಣಾವಧಿ ಚಿತ್ರ ಮುಗಿಸಿದರು.

2018ರಲ್ಲಿ ಅವರು ತೀರಿಕೊಂಡರು. 2019ರ ಜನವರಿಯಲ್ಲಿ ಆ ಹೆಸರಿನ ಕಂಪನಿಯ ಯೂಟ್ಯೂಬ್ ವಿಡಿಯೊಗಳು ಒಮ್ಮೆಗೇ ಮರೆಯಾದವು. ಹೆಸರು ತಾನಾಗಿ ಉಳಿಯುತ್ತದೆ. ಚಿತ್ರಗಳನ್ನು ಯಾರಾದರೂ ಕಾಪಿಡಬೇಕು.